ಉಂಡು ಮಲಗಿದ ಮೇಲೂ ಮುಗಿಯದ ಜಗಳ

ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ ಎಂಬ ನಮ್ಮ ಗಾದೆ ಕಾನೂನಿನ ಪುಸ್ತಕದಲ್ಲಿಯೂ ಇದೆ ಎಂದರೆ ನಗಬೇಡಿ. ಹಿಂದೂ ವಿವಾಹ ಕಾಯಿದೆಯ 23ನೆಯ ಕಲಮಿನಲ್ಲಿ ಅದು ಬೇರೆ ವೇಷ ತೊಟ್ಟು ಕುಳಿತಿದೆ. ಸಂಗಾತಿಯ ಕ್ರೌರ್ಯವನ್ನು ಕಾರಣವಾಗಿಸಿ ವಿಚ್ಛೇದನ ಬೇಡಿ ಬಂದವರು ಆ ಕ್ರೌರ್ಯವನ್ನು ಯಾವ ರೀತಿಯಲ್ಲಿಯೂ ಮನ್ನಿಸಿರಬಾರದು ಎನ್ನುತ್ತದೆ ಆ ಕಲಮು. ಮನ್ನಿಸಿದರೋ ಇಲ್ಲವೋ ಎಂದು ನ್ಯಾಯಾಧೀಶರು ತಿಳಿಯುವುದು ಹೇಗೆ? ಜಗಳದ ತರುವಾಯವೂ ಒಂದೇ ಮನೆಯಲ್ಲಿ ಉಂಡು ಒಂದೇ ಹಾಸಿಗೆಯಲ್ಲಿ ಮಲಗಿದ್ದರೆ ಮನ್ನಿಸಿದಂತೆಯೇ ಲೆಕ್ಕ.

ಈ ಲೆಕ್ಕಕ್ಕೆ ಸಿಕ್ಕಿದ ಸಂಸಾರಗಳಲ್ಲಿ ಅತ್ಯಂತ ಪ್ರಸಿದ್ಧವಾದದ್ದು ಪುಣೆಯಲ್ಲಿ 1956ರಲ್ಲಿ ನಡೆದ ಒಂದು ಮದುವೆಯದು. ಕಾನೂನಿನ ವಿದ್ಯಾರ್ಥಿಗಳೆಲ್ಲರೂ ದಾಸ್ತಾನೆ ಪ್ರಕರಣವೆಂದು ಓದುವ ಪ್ರಕರಣ. ಗಂಡ ಕೃಷಿ ವಿಜ್ಞಾನಿ. ಮದುವೆಯ ಹೊಸತರಲ್ಲಿ ಬೆಳಗಾವಿ ಜಿಲ್ಲೆಯ ಅರಭಾವಿಯಲ್ಲಿ ಕೆಲವು ತಿಂಗಳ ಸಂಸಾರ, ಆಮೇಲೆ ದೆಹಲಿ. ಇಬ್ಬರೂ ಓದಿದವರು. ಹೆಂಡತಿ ಮಂಗಳಸೂತ್ರ ಹರಿದದ್ದು, ಕಚೇರಿಯಿಂದ ಗಂಡ ಬರುವ ಹೊತ್ತಿಗೆ ಮನೆಗೆ ಬೀಗ ಹಾಕಿದ್ದು, ರಾತ್ರಿ ದೀಪ ಹಚ್ಚಿ ಹಾಸಿಗೆಯ ಪಕ್ಕ ಕುಳಿತು ಕಾಡಿದ್ದು, ಎಳೆಯ ಮಗುವಿನ ನಾಲಗೆಗೆ ಖಾರದ ಪುಡಿ ತಿಕ್ಕಿದ್ದು ಎಲ್ಲವೂ ತೀರ್ಪಿನಲ್ಲಿವೆ. ಮನೆ ಹೇಗೆ ನಡೆಸಬೇಕೆಂದು ಗಂಡ ಹೆಂಡತಿಗೆ ಕೊಡುತ್ತಿದ್ದ ಉದ್ದುದ್ದ ಸೂಚನೆಗಳೂ ಇವೆ. ಅವನ್ನು ಓದುವಾಗ ನನ್ನ ಸಹಾನುಭೂತಿ ಯಾರ ಕಡೆ ವಾಲಬೇಕೆಂದು ತಿಳಿಯದೆ ಹೋಗುತ್ತದೆ. 1975ರಲ್ಲಿ ತೀರ್ಪು ಬರೆದ ನ್ಯಾಯಮೂರ್ತಿ ವೈ. ವಿ. ಚಂದ್ರಚೂಡರು ಕ್ರೌರ್ಯ ನಡೆದದ್ದು ಸಾಬೀತಾಗಿದೆ ಎಂದರು. ಹಾಗೆಂದು ಗಂಡ ಗೆಲ್ಲಲಿಲ್ಲ. ಅಷ್ಟೆಲ್ಲ ನಡೆದರೂ ದಂಪತಿಗಳು 1961ರ ಫೆಬ್ರವರಿಯ ತನಕ ಕೂಡಿಯೇ ಬಾಳಿದ್ದರು. ಬೇರೆಯಾಗುವ ಹೊತ್ತಿಗೆ ಹೆಂಡತಿ ಮೂರನೆಯ ಮಗುವಿನ ಗರ್ಭಿಣಿ. ಆದ್ದರಿಂದ ಗಂಡ ಆ ಕ್ರೌರ್ಯವನ್ನು ಮನ್ನಿಸಿದ್ದಾನೆ ಎಂದಾಯಿತು. ಮನ್ನಿಸಿದ್ದಾನೆ ಎಂಬ ವಾದವನ್ನು ಹೆಂಡತಿ ಹೂಡಿರಲೇ ಇಲ್ಲ. ಯಾರೂ ಕೇಳದಿದ್ದರೂ ಅದನ್ನು ಪರಿಶೀಲಿಸುವುದು ನ್ಯಾಯಾಲಯದ ಕರ್ತವ್ಯ ಎಂದು 23ನೆಯ ಕಲಮು ಹೇಳುವುದರಿಂದ ನ್ಯಾಯಾಲಯವೇ ಅದನ್ನು ಎತ್ತಿಕೊಂಡಿತು. ಬೇರೆಯಾದ ಹದಿನಾಲ್ಕು ವರ್ಷಗಳ ಮೇಲೆ, ದೇಶದ ಅತ್ಯುಚ್ಚ ನ್ಯಾಯಾಲಯದಲ್ಲಿ, ಗಾದೆ ಗೆದ್ದಿತು.

ಆ ಗಾದೆಯನ್ನು ಕಟ್ಟಿದ ನಮ್ಮ ಹಿರಿಯರ ಮನಸ್ಸಿನಲ್ಲಿದ್ದದ್ದು ಹೊರಗಿನವರು ಮಧ್ಯೆ ಬಾಯಿ ಹಾಕಬೇಡಿ ಎಂಬ ವಿವೇಕ. ಉಂಡು ಮಲಗಿದವರೆಲ್ಲ ಕ್ಷಮಿಸಿ ಮಲಗಿದರು ಎಂದು ಅವರು ಹೇಳಲಿಲ್ಲ. ಎದ್ದು ಹೋಗಲು ಇನ್ನೊಂದು ಮನೆಯಿಲ್ಲದೆ ಮಲಗಿದವರಿದ್ದಾರೆ, ಮಕ್ಕಳು ಎಚ್ಚರವಾದಾರೆಂದು ಮಲಗಿದವರಿದ್ದಾರೆ. ದಾಸ್ತಾನೆ ಪ್ರಕರಣದಲ್ಲಿ ಗಂಡನ ಜಾಗದಲ್ಲಿ ಹೆಂಡತಿಯನ್ನಿಟ್ಟು ಒಮ್ಮೆ ಯೋಚಿಸಿ ನೋಡಿ. ವರ್ಷಗಟ್ಟಲೆ ಸಹಿಸಿದ ಹೆಂಗಸಿನ ಸಹನೆಯೇ ಅವಳಿಗೆ ಎದುರಾಗಿ ನಿಲ್ಲುವ ಸಾಕ್ಷಿಯಾಗಿಬಿಡಬಹುದು.

ವಿಚ್ಛೇದನದ ಕಾರಣಗಳನ್ನು ಪಟ್ಟಿ ಮಾಡುವ 13ನೆಯ ಕಲಮಿನ ಬಗ್ಗೆ ಎಲ್ಲರೂ ಮಾತನಾಡುತ್ತಾರೆ. ವ್ಯಭಿಚಾರ, ಕ್ರೌರ್ಯ, ಎರಡು ವರ್ಷಗಳ ಪರಿತ್ಯಾಗ, ಮತಾಂತರ, ಮಾನಸಿಕ ಅಸ್ವಾಸ್ಥ್ಯ ಇತ್ಯಾದಿ. ಕುಷ್ಠರೋಗವೂ ಆ ಪಟ್ಟಿಯಲ್ಲಿತ್ತು. 2019ರಲ್ಲಿ ಅದನ್ನು ತೆಗೆದರು, ತಡವಾಗಿಯಾದರೂ. 1955ರ ಮೂಲ ಕಾಯಿದೆಯಲ್ಲಿ ಕ್ರೌರ್ಯಕ್ಕೆ ವಿಚ್ಛೇದನವೇ ಇರಲಿಲ್ಲ, ಬೇರೆ ಇರಲು ಅನುಮತಿಯಷ್ಟೇ. 1976ರ ತಿದ್ದುಪಡಿ ಅದನ್ನು ವಿಚ್ಛೇದನದ ಕಾರಣವಾಗಿಸಿತು. ಪರಸ್ಪರ ಒಪ್ಪಿಗೆಯ ಬಾಗಿಲನ್ನೂ ಆಗಲೇ ತೆರೆಯಿತು. ಆದರೆ ಕಾರಣ ಇರುವುದು ಒಂದು ಮಾತು, ಅದನ್ನು ಸಾಬೀತುಪಡಿಸುವುದು ಇನ್ನೊಂದು. ಎದುರು ಪಕ್ಷ ಹಾಜರಾಗದಿದ್ದರೂ ಸರಿಯೇ, ನ್ಯಾಯಾಲಯಕ್ಕೆ ಕಾರಣ ಮನವರಿಕೆಯಾಗಬೇಕು, ಅರ್ಜಿದಾರರು ತಮ್ಮ ತಪ್ಪಿನ ಲಾಭ ತಾವೇ ಪಡೆಯುತ್ತಿರಬಾರದು, ಇಬ್ಬರೂ ಒಳಗೊಳಗೆ ಕೂಡಿಕೊಂಡು ಬಂದಿರಬಾರದು, ವಿನಾಕಾರಣ ತಡಮಾಡಿರಬಾರದು. ಒಟ್ಟಿನಲ್ಲಿ ಈ ಕಾಯಿದೆ ದಂಪತಿಗಳನ್ನು ಕೇಳುವುದು ನಿಮ್ಮಲ್ಲಿ ತಪ್ಪಿತಸ್ಥರು ಯಾರು ಎಂದು. ನಿಮ್ಮ ಮದುವೆ ಬದುಕಿದೆಯೇ ಎಂಬ ಪ್ರಶ್ನೆ ಅದರಲ್ಲಿ ಎಲ್ಲಿಯೂ ಇಲ್ಲ.

ದಾಸ್ತಾನೆ ತೀರ್ಪು ಒಂದು ಉಪಕಾರವನ್ನಂತೂ ಮಾಡಿತು. ವೈವಾಹಿಕ ವ್ಯಾಜ್ಯದಲ್ಲಿ ಕೊಲೆಯ ಮೊಕದ್ದಮೆಯಂತೆ ಸಂಶಯಾತೀತವಾದ ಪುರಾವೆ ಬೇಡ, ಸಂಭವನೀಯತೆಯ ತಕ್ಕಡಿ ಯಾವ ಕಡೆ ವಾಲುತ್ತದೆಂದು ನೋಡಿದರೆ ಸಾಕು ಎಂದಿತು. ಕೇಳಲು ಸುಲಭವೆನಿಸುತ್ತದೆ. ಆದರೆ ತಕ್ಕಡಿಯಲ್ಲಿಡಲು ಏನಾದರೂ ಬೇಕಲ್ಲ? ಊರಿನಲ್ಲಿದ್ದರೆ ಜಗಳ ಹಿತ್ತಲಿಗೆ ಕೇಳಿಸುತ್ತದೆ, ಪಕ್ಕದ ಮನೆಯ ಅಜ್ಜಿ ಬಂದು ಬುದ್ಧಿ ಹೇಳುತ್ತಾಳೆ, ಮಾವನವರ ಜಗಲಿಯ ಮೇಲೆ ನಾಲ್ಕು ಹಿರಿಯರು ಕೂಡುತ್ತಾರೆ. ನಾಳೆ ಬೇಕಾದರೆ ಇವರೆಲ್ಲ ಸಾಕ್ಷಿ ನುಡಿಯಬಲ್ಲರು. ಡೊಂಬಿವಲಿಯಲ್ಲೋ ಸಿಕಂದರಾಬಾದಿನಲ್ಲೋ ಫ್ಲ್ಯಾಟಿನಲ್ಲಿ ಬಾಳುವ ನಮ್ಮವರ ಸ್ಥಿತಿ ಬೇರೆ. ಪಕ್ಕದ ಮನೆಯವರಿಗೆ ಸದ್ದು ಕೇಳಿಸಿರುತ್ತದೆ, ಅರ್ಥ ಕೇಳಿಸಿರುವುದಿಲ್ಲ. ಕನ್ನಡ ಬಾರದ ನೆರೆಯವರು ಕಟಕಟೆಯಲ್ಲಿ ನಿಂತು ಏನು ಹೇಳಬಹುದು? ಏನೋ ಜೋರಾಗಿ ಕೂಗುತ್ತಿದ್ದರು, ಏನೆಂದು ತಿಳಿಯಲಿಲ್ಲ ಎಂದಷ್ಟೇ. ಉಳಿಯುವವರು ತಾಯಿ, ಅಣ್ಣ, ನಾದಿನಿ. ಅವರೆಲ್ಲ ಸಂಬಂಧಿಕ ಸಾಕ್ಷಿಗಳೆಂದು ಪಾಟೀಸವಾಲಿನಲ್ಲಿ ಮೊದಲ ಏಟಿಗೇ ಕುಸಿಯುತ್ತಾರೆ.

ಹೊರನಾಡಿನಲ್ಲಿರುವ ನಾವು ಹೆಚ್ಚು ಯೋಚಿಸಬೇಕಾದ ವಿಷಯ ಇಲ್ಲಿಂದಲೇ ಆರಂಭವಾಗುತ್ತದೆ. ಮಾನಸಿಕ ಕ್ರೌರ್ಯ ಬಹುಮಟ್ಟಿಗೆ ಮಾತಿನಲ್ಲಿ ನಡೆಯುವ ಅಪರಾಧ. ಆ ಮಾತು ನಡೆದದ್ದು ಕನ್ನಡದಲ್ಲಿ. ಅದನ್ನು ತೂಗುವವರು ಮರಾಠಿ, ತಮಿಳು, ತೆಲುಗು, ಹಿಂದಿ ಅಥವಾ ಇಂಗ್ಲಿಷಿನಲ್ಲಿ ತೂಗುತ್ತಾರೆ. ಸಾಕ್ಷಿಯ ಮುಖ್ಯ ಹೇಳಿಕೆ ಇಂದು ಪ್ರಮಾಣಪತ್ರದ ರೂಪದಲ್ಲಿ ಮೊದಲೇ ಬರೆದು ಬರುತ್ತದೆ. ಬರೆಯುವವರು ವಕೀಲರು, ಸಾಮಾನ್ಯವಾಗಿ ಇಂಗ್ಲಿಷಿನಲ್ಲಿ. ಕುಟುಂಬ ನ್ಯಾಯಾಲಯಗಳ 1984ರ ಕಾಯಿದೆಯ 15ನೆಯ ಕಲಮಿನಂತೆ ಬಾಯಿಮಾತಿನ ಸಾಕ್ಷ್ಯವನ್ನು ಉದ್ದಕ್ಕೆ ಬರೆದುಕೊಳ್ಳುವ ಅಗತ್ಯವಿಲ್ಲ, ಸಾರಾಂಶವನ್ನು ದಾಖಲಿಸಿದರೆ ಸಾಕು. ವ್ಯಾಜ್ಯ ಬೇಗ ಮುಗಿಯಲೆಂಬ ಸದುದ್ದೇಶದ ಏರ್ಪಾಡು ಅದು. ಆದರೆ ಬೈಗುಳದ ಸಾರಾಂಶ ಹೇಗಿರುತ್ತದೆ, ಮೌನದ ಸಾರಾಂಶ ಹೇಗಿರುತ್ತದೆ ಎಂದು ಆ ಕಲಮನ್ನು ಬರೆದವರು ಯೋಚಿಸಿರಲಾರರು.

ಕನ್ನಡ ಬಳಗಗಳಲ್ಲಿ ಬಹುಕಾಲ ಓಡಾಡಿದವರ ಮನೆಗೆ ಕೆಲವು ಕೆಲಸಗಳು ತಾವಾಗಿ ಬರುತ್ತವೆ. ಲಗ್ನಪತ್ರಿಕೆ ತಿದ್ದಿಕೊಡಿ, ಸ್ಮರಣ ಸಂಚಿಕೆಗೆ ಮುನ್ನುಡಿ ಬರೆಯಿರಿ, ಶ್ರದ್ಧಾಂಜಲಿ ಬರೆಯಿರಿ. ಈಚಿನ ವರ್ಷಗಳಲ್ಲಿ ಇನ್ನೊಂದು ಸೇರಿದೆ: ವಾಟ್ಸ್‌ಆಪ್ ಸಂದೇಶಗಳ ಒಂದು ಕಟ್ಟು, ಇದನ್ನು ವಕೀಲರಿಗಾಗಿ ಇಂಗ್ಲಿಷಿಗೆ ಮಾಡಿಕೊಡಿ ಎಂಬ ತಗ್ಗಿದ ದನಿ. ಲಗ್ನಪತ್ರಿಕೆ ತಿದ್ದಿಕೊಟ್ಟ ಮನೆಯಿಂದಲೇ ಐದಾರು ವರ್ಷಗಳ ಮೇಲೆ ಈ ಕಟ್ಟು ಬಂದದ್ದೂ ಉಂಟು. ಯಾರವೆಂದು ಗುರುತು ಸಿಗುವ ಯಾವುದನ್ನೂ ಇಲ್ಲಿ ಹೇಳುವಂತಿಲ್ಲ. ಭಾಷೆಯ ಬಗ್ಗೆ ಮಾತ್ರ ಹೇಳುತ್ತೇನೆ.

ಧಾರವಾಡದ ಕಡೆ ಮನೆಗೆ ತಡವಾಗಿ ಬಂದವನನ್ನು ಎಲ್ಲಿ ಸುಡುಗಾಡಿಗೆ ಹೋಗಿದ್ದಿ ಎಂದು ಕೇಳುತ್ತಾರೆ. ತಾಯಿ ಮಗನನ್ನು ಕೇಳುತ್ತಾಳೆ, ಹೆಂಡತಿ ಗಂಡನನ್ನು ಕೇಳುತ್ತಾಳೆ, ಕೇಳುತ್ತಲೇ ತಾಟಿಗೆ ರೊಟ್ಟಿ ಬಡಿಸುತ್ತಾಳೆ. ಅದರಲ್ಲಿ ಸಾವೂ ಇಲ್ಲ, ಶಾಪವೂ ಇಲ್ಲ. ಮೈಸೂರಿನ ಕಡೆಯ ಹಾಳಾಗಿ ಹೋಗು, ಮುಂಡೇದೆ ಮುಂತಾದವೂ ಹಾಗೆಯೇ. ದನಿಯನ್ನು ಅನುಸರಿಸಿ ಅವು ಮುದ್ದಾಗಬಹುದು, ಕೊಡಲಿಯೂ ಆಗಬಹುದು. ಪದಕ್ಕೆ ಪದವಿಟ್ಟು ಅನುವಾದಿಸಿದರೆ ರೊಟ್ಟಿ ಬಡಿಸಿದ ಹೆಂಗಸು ಗಂಡನನ್ನು ಸ್ಮಶಾನಕ್ಕೆ ಕಳುಹಿಸಿದವಳಾಗುತ್ತಾಳೆ. ಪ್ರಮಾಣಪತ್ರದಲ್ಲಿ ಆ ವಾಕ್ಯ ಒಂದು ಸಂಖ್ಯೆ ಪಡೆದು ನಿಲ್ಲುತ್ತದೆ, ಅದರ ಕೆಳಗೆ ದಿನಾಂಕ.

ಇದಕ್ಕಿಂತ ನೋವಿನದು ಅದರ ವಿಲೋಮ. ಹೆಂಡತಿಗೆ ಊಟವಾಯಿತೇ ಎಂದು ಕೇಳುವ ಬದಲು ಗಂಡ ತಂಗಿಗೆ, ಅದು ಉಂಡಿತೇನು ಎಂದು ಕೇಳುತ್ತಾನೆ. ಆ ನಪುಂಸಕ ಲಿಂಗ ಇಂಗ್ಲಿಷಿನ ಅನುವಾದದಲ್ಲಿ ಹೇಗೆ ಬಂದೀತು? ಅವಳು ಉಂಡಳೇ ಎಂದಾಗುತ್ತದೆ. ಓದಿದರೆ ಹೆಂಡತಿಯ ಹಸಿವನ್ನು ವಿಚಾರಿಸುವ ಗಂಡನೊಬ್ಬ ಎದ್ದು ನಿಲ್ಲುತ್ತಾನೆ. ಹತ್ತು ವರ್ಷ ನೀವು ಎನ್ನುತ್ತಿದ್ದವಳು ಒಂದು ಸಂಜೆಯಿಂದ ನೀನು ಎನ್ನತೊಡಗುತ್ತಾಳೆ. ಕನ್ನಡ ಬಲ್ಲ ಯಾರಿಗಾದರೂ ಆ ಸಂಜೆ ಏನೋ ಮುರಿಯಿತೆಂದು ತಿಳಿಯುತ್ತದೆ. ಇಂಗ್ಲಿಷಿನಲ್ಲಿ ಎರಡಕ್ಕೂ ಒಂದೇ ಪದ. ಆಗಲಿ ಬಿಡಿ, ನೀವು ದೊಡ್ಡವರು ಎಂಬ ಮಾತು ಎಷ್ಟು ಕೊಯ್ಯಬಲ್ಲದೆಂಬುದನ್ನು ನಮ್ಮ ಅತ್ತೆ ಸೊಸೆಯರನ್ನು ಕೇಳಬೇಕು. ಅನುವಾದದಲ್ಲಿ ಅದು ವಿನಯದ ಮಾತು.

ಮಾತು ಬಿಡುವುದಂತೂ ನಮ್ಮ ಮನೆಗಳ ಅತ್ಯಂತ ಹಳೆಯ ಆಯುಧ. ಗಂಡ ಹೆಂಡತಿ ಇಬ್ಬರೂ ಮನೆಯಲ್ಲಿದ್ದಾರೆ, ತಿಂಗಳುಗಟ್ಟಲೆ ಒಬ್ಬರೊಡನೊಬ್ಬರು ಆಡುವುದಿಲ್ಲ. ನಿಮ್ಮಪ್ಪನಿಗೆ ಊಟಕ್ಕೆ ಬಾ ಅಂತ ಹೇಳು ಎಂದು ಮಗುವನ್ನು ನಡುವೆ ಸೇತುವೆಯಾಗಿ ನಿಲ್ಲಿಸುತ್ತಾರೆ. ಇದಕ್ಕೆ ಯಾವ ದಾಖಲೆಯಿದೆ? ಕಿರುಚಿದವರ ಕಿರುಚಾಟ ಧ್ವನಿಮುದ್ರಣದಲ್ಲಿ ಸಿಗುತ್ತದೆ; ಕಿರುಚುವಂತೆ ಮಾಡಿದವರ ಮೌನ ಸಿಗುವುದಿಲ್ಲ. ಪುರಾವೆಯನ್ನು ಬೇಡುವ ಯಾವ ಪದ್ಧತಿಯೂ ಸದ್ದು ಮಾಡಿದವರನ್ನು ಬೇಗ ಹಿಡಿಯುತ್ತದೆ. ಸಮರ್ ಘೋಷ್ ಪ್ರಕರಣದ 2007ರ ತೀರ್ಪಿನಲ್ಲಿ ಸರ್ವೋಚ್ಚ ನ್ಯಾಯಾಲಯ ಮಾನಸಿಕ ಕ್ರೌರ್ಯದ ಹಲವು ನಿದರ್ಶನಗಳನ್ನು ಪಟ್ಟಿ ಮಾಡಿ, ಇದು ಪೂರ್ಣ ಪಟ್ಟಿಯಲ್ಲ, ಆಗಲೂ ಸಾಧ್ಯವಿಲ್ಲ ಎಂದು ಪ್ರಾಮಾಣಿಕವಾಗಿ ಹೇಳಿತು. ದೀರ್ಘಕಾಲದ ಉಪೇಕ್ಷೆ, ತಣ್ಣನೆಯ ನಿರ್ಲಿಪ್ತತೆಯೂ ಕ್ರೌರ್ಯವಾಗಬಹುದು ಎಂದು ಆ ತೀರ್ಪು ಗುರುತಿಸಿದೆ. ಗುರುತಿಸುವುದು ಸುಲಭ, ತೋರಿಸುವುದು ಕಷ್ಟ.

ಹಾಗಾಗಿ ಜನ ತೋರಿಸಬಹುದಾದದ್ದನ್ನು ಸಂಗ್ರಹಿಸತೊಡಗುತ್ತಾರೆ. ದೂರವಾಣಿಯಲ್ಲಿ ಗುಟ್ಟಾಗಿ ಧ್ವನಿಮುದ್ರಣ, ಪರದೆಯ ಚಿತ್ರಗಳು, ಬ್ಯಾಂಕಿನ ಪಟ್ಟಿ. ಗಂಡ ಹೆಂಡಿರ ನಡುವಿನ ಸಂಭಾಷಣೆಯನ್ನು ಹೊರಗೆ ಹೇಳಬಾರದೆಂಬ ಹಳೆಯ ಸಾಕ್ಷ್ಯ ಕಾಯಿದೆಯ ನಿಯಮಕ್ಕೆ ಅವರಿಬ್ಬರ ನಡುವಿನ ವ್ಯಾಜ್ಯವೇ ಒಂದು ಅಪವಾದ. 2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲಿಯೂ ಅದೇ ನಿಯಮ, ಅದೇ ಅಪವಾದ. ಗುಟ್ಟಾಗಿ ಮಾಡಿದ ಧ್ವನಿಮುದ್ರಣವನ್ನು ಹೆಂಡತಿಯ ಖಾಸಗಿತನದ ಹೆಸರಿನಲ್ಲಿ ಪಂಜಾಬ್ ಮತ್ತು ಹರಿಯಾಣ ಉಚ್ಚ ನ್ಯಾಯಾಲಯ ತಳ್ಳಿಹಾಕಿದ್ದನ್ನು 2025ರ ಜುಲೈಯಲ್ಲಿ ಸರ್ವೋಚ್ಚ ನ್ಯಾಯಾಲಯ ಬದಿಗಿಟ್ಟು, ಅದನ್ನು ಸಾಕ್ಷ್ಯವಾಗಿ ಸ್ವೀಕರಿಸಬಹುದು ಎಂದಿತು. ಆ ಪೀಠದಲ್ಲಿದ್ದವರು ನಮ್ಮವರೇ ಆದ ನ್ಯಾಯಮೂರ್ತಿ ಬಿ. ವಿ. ನಾಗರತ್ನ. ಇಂಥ ಸಾಕ್ಷ್ಯವನ್ನು ಒಪ್ಪಿದರೆ ಮನೆಮನೆಯಲ್ಲಿಯೂ ಗೂಢಚರ್ಯೆ ಬೆಳೆಯುತ್ತದೆಂಬ ವಾದಕ್ಕೆ ತೀರ್ಪು ಕೊಟ್ಟ ಉತ್ತರ ಹೀಗೆ: ದಂಪತಿಗಳು ಒಬ್ಬರ ಮೇಲೊಬ್ಬರು ಗೂಢಚರ್ಯೆಗೆ ಇಳಿದಿದ್ದಾರೆಂದರೆ ಸಂಬಂಧ ಆಗಲೇ ಮುರಿದಿದೆ, ಗೂಢಚರ್ಯೆ ಅದರ ಲಕ್ಷಣ ಮಾತ್ರ.

ಕಾನೂನಿನ ಮಟ್ಟಿಗೆ ಆ ತರ್ಕ ಸರಿಯೆಂದೇ ನನಗೆ ತೋರುತ್ತದೆ. ಆದರೆ ರೋಗಲಕ್ಷಣವನ್ನು ಗುರುತಿಸಿದವರು ರೋಗವನ್ನೂ ಹೆಸರಿಸಬೇಕಾಗಿತ್ತು. ಮುರಿದ ಮನೆಯಲ್ಲಿ ಗೂಢಚರ್ಯೆ ಹುಟ್ಟುವುದು ನಿಜ. ಪುರಾವೆ ತಂದವರಿಗೆ ಮಾತ್ರ ಬಾಗಿಲು ತೆರೆಯುತ್ತೇನೆ ಎನ್ನುವ ಕಾನೂನೂ ಗೂಢಚರ್ಯೆಯನ್ನು ಸಾಕುತ್ತದೆ. ವಕೀಲರನ್ನು ಮೊದಲ ಬಾರಿ ಕಂಡು ಬಂದ ದಿನದಿಂದ ಮನೆಯ ಪ್ರತಿಯೊಂದು ಮಾತೂ ದಾಖಲೆಗಾಗಿ ಆಡಿದ ಮಾತಾಗುತ್ತದೆ. ಮರುದಿನದ ಜಗಳದಲ್ಲಿ ಒಬ್ಬರ ಜೇಬಿನಲ್ಲಿ ಫೋನು ಕೇಳಿಸಿಕೊಳ್ಳುತ್ತಿರುತ್ತದೆ, ಅವರು ಮಾತ್ರ ಅಂದು ವಿಚಿತ್ರವಾಗಿ ಸೌಮ್ಯ. ಆ ಮುದ್ರಿಕೆಗೆ ಇಂತಿಂಥ ಯಂತ್ರದಿಂದ ಹೀಗೆ ತೆಗೆದದ್ದು ಎಂಬ ಪ್ರಮಾಣಪತ್ರ ಲಗತ್ತಿಸದಿದ್ದರೆ ಅದು ಸಾಕ್ಷ್ಯವೇ ಅಲ್ಲ ಎಂಬುದು ಬೇರೆ ತೊಡಕು.

ಪರಿತ್ಯಾಗದ ವಿಚಾರದಲ್ಲಿ ಮುಂಬಯಿಯ ಒಂದು ಹಳೆಯ ಪ್ರಕರಣ ಇಂದಿಗೂ ಪಾಠವೇ. ಹಿಂದೂ ವಿವಾಹ ಕಾಯಿದೆ ಬರುವ ಮೊದಲೇ ಮುಂಬಯಿ ಪ್ರಾಂತ 1947ರಲ್ಲಿ ವಿಚ್ಛೇದನದ ಕಾಯಿದೆ ಮಾಡಿತ್ತು; ಅದರಡಿಯಲ್ಲಿ ಬಂದ ಬಿಪಿನ್‌ಚಂದ್ರ ಪ್ರಕರಣವನ್ನು ಸರ್ವೋಚ್ಚ ನ್ಯಾಯಾಲಯ 1956ರಲ್ಲಿ ತೀರ್ಮಾನಿಸಿತು. ಹೆಂಡತಿ ಮನೆ ಬಿಟ್ಟು ತವರಿಗೆ ಹೋದಳು, ಹಿಂದಿರುಗಲಿಲ್ಲ ಎಂಬುದು ಗಂಡನ ದೂರು. ಮನೆ ಬಿಟ್ಟು ಹೋದರೆ ಸಾಲದು, ಇನ್ನೆಂದೂ ಬರಲಾರೆ ಎಂಬ ಸಂಕಲ್ಪವೂ ಕಾನೂನಿನ ಅವಧಿಯುದ್ದಕ್ಕೂ ಇರಬೇಕು, ಎರಡನ್ನೂ ದೂರುವವರೇ ಸಾಬೀತುಪಡಿಸಬೇಕು ಎಂದಿತು ನ್ಯಾಯಾಲಯ. ಗಂಡನನ್ನು ಕೆಡವಿದ್ದು ಅವನೇ ಮಾವನಿಗೆ ಕಳುಹಿಸಿದ ತಂತಿ: ಅವಳನ್ನು ಕಳುಹಿಸಕೂಡದು. ಬರಲು ಸಿದ್ಧಳಾದವಳಿಗೆ ಬಾಗಿಲು ಮುಚ್ಚಿ, ಬರಲಿಲ್ಲವೆಂದು ದೂರುವಂತಿಲ್ಲ. ಒಂದು ಕಾಗದದ ಚೂರು ಆ ಹೆಂಗಸಿನ ಮಾನವನ್ನು ಕಾಯಿತು. ತಪ್ಪಿನ ಪುರಾವೆ ಕೇಳುವ ಪದ್ಧತಿ ಕೆಲವೊಮ್ಮೆ ದುರ್ಬಲರಿಗೆ ಗೋಡೆಯಾಗಿ ನಿಲ್ಲುತ್ತದೆ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಗೊತ್ತಿಲ್ಲ. ಈ ಮಾತಿಗೆ ಮತ್ತೆ ಬರುತ್ತೇನೆ.

ಪುರಾವೆ ಇದ್ದರೂ ಅದನ್ನು ಕ್ರೌರ್ಯವೆಂದು ಕರೆಯುವುದು ನ್ಯಾಯಾಧೀಶರ ಕುಟುಂಬ ಕಲ್ಪನೆಯನ್ನು ಅವಲಂಬಿಸಿರುತ್ತದೆ. 2016ರಲ್ಲಿ ಕರ್ನಾಟಕದಿಂದ ಹೋದ ಒಂದು ಮೇಲ್ಮನವಿಯಲ್ಲಿ, ತಂದೆತಾಯಿಯರಿಂದ ಬೇರೆಯಾಗಿ ಸಂಸಾರ ಹೂಡೋಣವೆಂದು ಹೆಂಡತಿ ಸಕಾರಣವಿಲ್ಲದೆ ಹಟ ಹಿಡಿದದ್ದೂ ಕ್ರೌರ್ಯದ ಲೆಕ್ಕಕ್ಕೆ ಸೇರಿತು. ಆ ಪ್ರಕರಣದಲ್ಲಿ ಆತ್ಮಹತ್ಯೆಯ ಬೆದರಿಕೆ, ಸುಳ್ಳು ಆರೋಪ ಮುಂತಾದ ಬೇರೆ ಸಂಗತಿಗಳೂ ಇದ್ದವು ನಿಜ. ಆದರೂ ಹಿಂದೂ ಮಗ ಮುಪ್ಪಿನ ತಂದೆತಾಯಿಯರನ್ನು ಬಿಟ್ಟಿರುವುದು ನಮ್ಮ ಪದ್ಧತಿಯಲ್ಲ ಎಂಬ ಧಾಟಿಯ ವಿವರಣೆ ನನಗೆ ಒಪ್ಪಿಗೆಯಾಗದು. ಉದ್ಯೋಗಕ್ಕಾಗಿ ತಂದೆತಾಯಿಯರನ್ನು ಹುಬ್ಬಳ್ಳಿಯಲ್ಲೋ ಉಡುಪಿಯಲ್ಲೋ ಬಿಟ್ಟು ಬಂದ ಗಂಡುಮಕ್ಕಳಿಂದಲೇ ತುಂಬಿದ ನಮ್ಮ ಸಂಘಗಳಲ್ಲಿ ಆ ವಾಕ್ಯಗಳನ್ನು ಗಟ್ಟಿಯಾಗಿ ಓದಿದರೆ ಸಭೆ ನಕ್ಕೀತು.

ಮಾನಸಿಕ ಅಸ್ವಾಸ್ಥ್ಯದ ಕಾರಣವೂ ಸೂಕ್ಷ್ಮವಾದದ್ದು. ರೋಗದ ಹೆಸರು ಹೇಳಿದರೆ ಸಾಲದು, ಜೊತೆಯಲ್ಲಿ ಬಾಳಲು ಸಾಧ್ಯವೇ ಇಲ್ಲವೆನ್ನುವಷ್ಟು ಅದು ತೀವ್ರವಾಗಿದೆಯೆಂದು ತೋರಿಸಬೇಕು ಎಂದು 1988ರಲ್ಲಿಯೇ ಸರ್ವೋಚ್ಚ ನ್ಯಾಯಾಲಯ ಹೇಳಿದೆ. ತ್ರಿವೇಣಿಯವರ 'ಶರಪಂಜರ'ವನ್ನು ಓದಿದವರಿಗೆ ಈ ನಿಯಮದ ಮಾನವೀಯತೆಯನ್ನು ವಿವರಿಸಬೇಕಾಗಿಲ್ಲ. ವ್ಯಭಿಚಾರದ ಆರೋಪದಲ್ಲಿಯಂತೂ ಪುರಾವೆಯ ಹಸಿವು ಮಕ್ಕಳ ತನಕ ಹೋಗುತ್ತದೆ. ಪುಣೆಯ ಕುಟುಂಬ ನ್ಯಾಯಾಲಯದಲ್ಲಿ ಆರಂಭವಾದ ಒಂದು ವ್ಯಾಜ್ಯದಲ್ಲಿ ಹೆಂಡತಿಯ ತಪ್ಪನ್ನು ತೋರಿಸಲು ಮಗುವಿನ ಡಿಎನ್‌ಎ ಪರೀಕ್ಷೆಯಾಗಬೇಕೆಂದು ಗಂಡ ಕೇಳಿದ. ಕೆಳಗಿನ ಎರಡು ನ್ಯಾಯಾಲಯಗಳೂ ಒಪ್ಪಿದವು. 2023ರಲ್ಲಿ ಸರ್ವೋಚ್ಚ ನ್ಯಾಯಾಲಯ ತಡೆಯಿತು. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಗಬಾರದು ಎಂಬುದೇ ಆ ತೀರ್ಪಿನ ತಿರುಳು.

ತಪ್ಪನ್ನು ಹುಡುಕದೆ ಬಿಡುಗಡೆ ಕೊಡುವುದು ಪಾಶ್ಚಾತ್ಯರಿಂದ ಕಲಿತ ಹೊಸ ರೋಗವೆಂದು ಹೇಳುವವರು ನಮ್ಮಲ್ಲಿ ಇನ್ನೂ ಇದ್ದಾರೆ. ಅವರು ಉತ್ತರ ಕರ್ನಾಟಕದ ಸೋಡಚೀಟಿಯನ್ನು ಮರೆತಿದ್ದಾರೆ. ಅನೇಕ ಸಮುದಾಯಗಳಲ್ಲಿ ದೈವದ ಹಿರಿಯರ ಮುಂದೆ ಕುಳಿತು, ಕೊಟ್ಟದ್ದು ತೆಗೆದುಕೊಂಡದ್ದನ್ನು ಲೆಕ್ಕ ಹಾಕಿ ಬಿಡುಗಡೆ ಪಡೆಯುತ್ತಿದ್ದರು. ಬಿಡುಗಡೆಯಾದ ಹೆಂಗಸು ಉಡಿಕೆಯಾಗುತ್ತಿದ್ದಳು. ಮೇಲ್ಜಾತಿಗಳು ಮೂಗು ಮುರಿದ ಆ ಪದ್ಧತಿ ಮುರಿದ ಮದುವೆಯನ್ನು ಮುರಿದಿದೆ ಎಂದು ಒಪ್ಪಿಕೊಳ್ಳುವಷ್ಟು ಪ್ರೌಢವಾಗಿತ್ತು. ಅಲ್ಲಿ ಹೆಣ್ಣಿಗೆ ಯಾವಾಗಲೂ ನ್ಯಾಯ ಸಿಗುತ್ತಿತ್ತೆಂದು ನಾನು ಹೇಳುತ್ತಿಲ್ಲ, ಪಂಚರೆಲ್ಲ ಗಂಡಸರೇ. ಹಿಂದೂ ವಿವಾಹ ಕಾಯಿದೆಯ 29ನೆಯ ಕಲಮು ರೂಢಿಯ ವಿಚ್ಛೇದನವನ್ನು ಇಂದಿಗೂ ಉಳಿಸಿಕೊಂಡಿದೆ. ಆದರೆ ಇಲ್ಲಿಯೂ ಪುರಾವೆಯ ಹೊರೆ ಇದೆ. ತಮ್ಮ ಸಮುದಾಯದಲ್ಲಿ ಅಂಥ ರೂಢಿ ಇದೆಯೆಂದು ಹೇಳುವವರೇ ಅದನ್ನು ಸ್ಪಷ್ಟವಾಗಿ ಪ್ರತಿಪಾದಿಸಿ ಸಾಬೀತುಪಡಿಸಬೇಕು ಎಂದು 2002ರಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿತು. ಸಾಬೀತಾಗದಿದ್ದರೆ ಚೀಟಿ ಬರೀ ಕಾಗದ. ಅದನ್ನು ನಂಬಿ ಮಾಡಿಕೊಂಡ ಎರಡನೆಯ ಮದುವೆ ಶೂನ್ಯ. ಗಿರಣಿಗಳ ಕಾಲದಲ್ಲಿ ಊರು ಬಿಟ್ಟು ಮುಂಬಯಿಗೆ ಬಂದವರ ಮೊಮ್ಮಕ್ಕಳು ಅಜ್ಜನ ಊರಿನ ರೂಢಿಗೆ ಸಾಕ್ಷಿ ಎಲ್ಲಿಂದ ತಂದಾರು?

ಪರಸ್ಪರ ಒಪ್ಪಿಗೆಯ ದಾರಿ ಇದೆಯಲ್ಲ ಎನ್ನಬಹುದು. ಒಂದು ವರ್ಷ ಬೇರೆ ಇದ್ದು ಇಬ್ಬರೂ ಕೂಡಿ ಅರ್ಜಿ ಹಾಕಿದರೆ ಯಾರ ತಪ್ಪನ್ನೂ ಸಾಬೀತುಪಡಿಸಬೇಕಾಗಿಲ್ಲ; ಆರು ತಿಂಗಳ ಕಾಯುವಿಕೆಯನ್ನು ಸಂದರ್ಭ ನೋಡಿ ಕೈಬಿಡಬಹುದೆಂದು 2017ರ ತೀರ್ಪೊಂದು ಹೇಳಿದೆ. ಒಳ್ಳೆಯದೇ. ಆದರೆ ಅದು ಇಬ್ಬರೂ ಒಪ್ಪಿದಾಗ ಮಾತ್ರ. ಒಪ್ಪಿಗೆಯೇ ಚೌಕಾಸಿಯ ಸರಕಾದಾಗ, ಜೀವನಾಂಶ ಬಿಟ್ಟರೆ ಸಹಿ ಹಾಕುತ್ತೇನೆ, ಇಷ್ಟು ಲಕ್ಷ ಕೊಟ್ಟರೆ ಸಹಿ ಹಾಕುತ್ತೇನೆ ಎಂಬ ಮಾತು ಎರಡೂ ಕಡೆಯಿಂದ ಬರುತ್ತದೆ. ಸಹಿ ಸಿಗದವರು ಮತ್ತೆ ಪುರಾವೆಯ ಸಾಲಿಗೆ ಬಂದು ನಿಲ್ಲುತ್ತಾರೆ.

ಸರಿಪಡಿಸಲಾಗದಷ್ಟು ಮುರಿದುಬಿದ್ದ ಮದುವೆ ಎಂಬುದನ್ನೇ ಒಂದು ಕಾರಣವಾಗಿ ಕಾಯಿದೆಗೆ ಸೇರಿಸಿ ಎಂದು ಕಾನೂನು ಆಯೋಗ 1978ರಲ್ಲಿ ಶಿಫಾರಸು ಮಾಡಿತು. 2006ರಲ್ಲಿ ಸರ್ವೋಚ್ಚ ನ್ಯಾಯಾಲಯ ಕೇಂದ್ರ ಸರಕಾರಕ್ಕೆ ಅದೇ ಸಲಹೆ ನೀಡಿತು, 2009ರಲ್ಲಿ ಆಯೋಗ ಮತ್ತೊಮ್ಮೆ ಹೇಳಿತು. 2010ರಲ್ಲಿ ಮಸೂದೆ ಬಂತು, 2013ರಲ್ಲಿ ರಾಜ್ಯಸಭೆ ಒಪ್ಪಿತು, ಮುಂದಿನ ವರ್ಷ ಲೋಕಸಭೆಯ ಅವಧಿ ಮುಗಿದು ಬಿದ್ದುಹೋಯಿತು. 2023ರ ಮೇ 1ರಂದು ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವು ಇಂಥ ಮದುವೆಯನ್ನು ಸಂವಿಧಾನದ 142ನೆಯ ವಿಧಿಯ ಬಲದಿಂದ ಸರ್ವೋಚ್ಚ ನ್ಯಾಯಾಲಯ ಬಿಡಿಸಬಹುದು ಎಂದು ಸಾರಿತು. ಆದರೆ ಆ ಅಧಿಕಾರ ಸರ್ವೋಚ್ಚ ನ್ಯಾಯಾಲಯಕ್ಕೆ ಮಾತ್ರ. ಅದೂ ವಿವೇಚನೆಯದು, ಪಕ್ಷಗಾರರ ಹಕ್ಕಲ್ಲ. ಅಂದರೆ ಸತ್ತ ಮದುವೆಯನ್ನು ಸತ್ತಿದೆ ಎಂದು ಹೇಳಿಸಿಕೊಳ್ಳಲು ದೆಹಲಿಯ ತನಕ ಹೊತ್ತುಕೊಂಡು ಹೋಗುವ ಶಕ್ತಿ ಇರಬೇಕು. ಬಾಂದ್ರಾದ ನ್ಯಾಯಾಧೀಶರಿಗೆ ಕಣ್ಣೆದುರು ಕಂಡರೂ ಹೇಳುವ ಅಧಿಕಾರವಿಲ್ಲ. ಹಾಗಾಗಿ ಅವರು ಮುರಿದದ್ದನ್ನೇ ಹಿಗ್ಗಿಸಿ ಕ್ರೌರ್ಯವೆಂದು ಬರೆಯಬೇಕಾಗುತ್ತದೆ. ಇಬ್ಬರು ಸಾಧಾರಣ ಮನುಷ್ಯರಲ್ಲಿ ಒಬ್ಬರು ತೀರ್ಪಿನ ಹಾಳೆಯ ಮೇಲೆ ಕ್ರೂರಿಯಾಗುತ್ತಾರೆ, ಮಕ್ಕಳು ಬೆಳೆದ ಮೇಲೆ ಅದನ್ನು ಓದಬಲ್ಲರು.

ಈ ಬದಲಾವಣೆಯನ್ನು ವಿರೋಧಿಸುವವರ ವಾದವನ್ನು ನಾನು ಹಗುರವಾಗಿ ಕಾಣಲಾರೆ. ಹೆಂಡತಿಯನ್ನು ಊರಿನಲ್ಲಿ ಬಿಟ್ಟು ಬಂದು ಮೂರು ವರ್ಷ ತಿರುಗಿ ನೋಡದ ಗಂಡ, ಆಮೇಲೆ ಮದುವೆ ಮುರಿದಿದೆ ನೋಡಿ ಎಂದು ತಾನೇ ಬಿಡುಗಡೆ ಕೇಳಿದರೆ? ಬಿಪಿನ್‌ಚಂದ್ರ ಪ್ರಕರಣದ ಆ ತಂತಿ ಅವಳನ್ನು ಆಗ ಕಾಯಲಾರದು. ಹೊರನಾಡಿನ ನಾವು ಇದನ್ನು ಕೇವಲ ಊಹೆಯೆಂದು ತಳ್ಳುವಂತಿಲ್ಲ. ಆದರೆ 2010ರ ಮಸೂದೆ ಈ ಭಯಕ್ಕೆ ಉತ್ತರವನ್ನೂ ಇಟ್ಟುಕೊಂಡಿತ್ತು: ಮೂರು ವರ್ಷ ಬೇರೆಯಿದ್ದರೆ ಮಾತ್ರ ಅರ್ಜಿ, ತೀವ್ರ ಆರ್ಥಿಕ ಸಂಕಷ್ಟವಾಗುತ್ತದೆಂದು ಹೆಂಡತಿ ವಿರೋಧಿಸಿದರೆ ನ್ಯಾಯಾಲಯ ಅದನ್ನು ಕೇಳಲೇಬೇಕು, ಮಕ್ಕಳ ಪೋಷಣೆಗೆ ಏರ್ಪಾಡಾಗದೆ ವಿಚ್ಛೇದನವಿಲ್ಲ. ಗಂಡನ ಆಸ್ತಿಯಿಂದ ಪರಿಹಾರದ ಮಾತು ಬಂದಾಗಲೇ ಗಲಾಟೆ ಹೆಚ್ಚಾದದ್ದು ಎಂಬುದನ್ನೂ ನೆನಪಿಡೋಣ. ಇಂದು ಅದೇ ಹೆಂಗಸಿಗೆ ಏನು ಸಿಗುತ್ತಿದೆ? ಹೆಸರಿಗೊಂದು ಮದುವೆ, ಕೊನೆಯಿಲ್ಲದ ವಾಯಿದೆಗಳು. ಅವಳಿಗೆ ಬೇಕಾದದ್ದು ಮನೆ, ಜೀವನಾಂಶ, ಮಗುವಿನ ಶಾಲೆಯ ಶುಲ್ಕ. ಅವುಗಳನ್ನು ಗಂಡನ ತಪ್ಪಿನ ಪುರಾವೆಗೆ ಕಟ್ಟಿಹಾಕದೆ, ಬಿಡುಗಡೆಯ ಬೆಲೆಯಾಗಿ ಮೊದಲೇ ಕಟ್ಟಿಸಿಕೊಳ್ಳುವ ಕಾನೂನು ಅವಳನ್ನು ಹೆಚ್ಚು ಕಾಯಬಲ್ಲದು ಎಂದು ನನ್ನ ಅಭಿಪ್ರಾಯ.

ಸಂಸತ್ತು ಯಾವಾಗ ಮನಸ್ಸು ಮಾಡುತ್ತದೋ ತಿಳಿಯದು. ಅಲ್ಲಿಯ ತನಕ ಈ ಪುರಾವೆಯ ಕಣದಲ್ಲಿ ಇಳಿಯಲೇಬೇಕಾದ ನಮ್ಮವರಿಗೆ, ಅನುವಾದದ ಕಟ್ಟು ಹಿಡಿದು ಬರುವವರಿಗೆ ನಾನು ಹೇಳುವುದು ಎರಡು ಸಂಗತಿ. ಸಂದೇಶವಾಗಲಿ ಪತ್ರವಾಗಲಿ, ಮೂಲದ ಕನ್ನಡವನ್ನು ಕನ್ನಡ ಲಿಪಿಯಲ್ಲಿಯೇ ಅನುವಾದದ ಪಕ್ಕದಲ್ಲಿ ಇರಿಸಿ. ಅದು ಎಂಬಲ್ಲಿ ಅದು ಎಂದೇ, ನೀನು ಎಂಬಲ್ಲಿ ನೀನು ಎಂದೇ ಕಾಣಲಿ, ಅದರ ಅರ್ಥವೇನೆಂದು ಒಂದು ಸಾಲು ಬರೆಯಲಿ. ಕುಟುಂಬ ನ್ಯಾಯಾಲಯಗಳ ಕಾಯಿದೆಯ 14ನೆಯ ಕಲಮು ವ್ಯಾಜ್ಯವನ್ನು ಅರಿಯಲು ನೆರವಾಗುವ ಯಾವುದೇ ಹೇಳಿಕೆ ದಾಖಲೆಗಳನ್ನು ನೋಡುವ ಸ್ವಾತಂತ್ರ್ಯವನ್ನು ನ್ಯಾಯಾಧೀಶರಿಗೆ ಕೊಟ್ಟಿದೆ. ಇನ್ನೊಂದು, ಸಿವಿಲ್ ಪ್ರಕ್ರಿಯಾ ಸಂಹಿತೆಯ ಹದಿನೆಂಟನೆಯ ಆದೇಶದ ಆರನೆಯ ನಿಯಮ. ಸಾಕ್ಷಿ ನುಡಿದ ಭಾಷೆ ಒಂದು, ಬರೆದುಕೊಂಡ ಭಾಷೆ ಇನ್ನೊಂದಾಗಿ, ಆ ಭಾಷೆ ಸಾಕ್ಷಿಗೆ ತಿಳಿಯದಿದ್ದರೆ, ಬರೆದುಕೊಂಡದ್ದನ್ನು ನುಡಿದ ಭಾಷೆಯಲ್ಲಿಯೇ ಅವರಿಗೆ ವಿವರಿಸಬೇಕು. ಹೀಗೆ ಕೇಳಲು ಸಂಕೋಚಪಡುವ ತಾಯಂದಿರನ್ನು ಕಂಡಿದ್ದೇನೆ. ಮಗಳ ಪರವಾಗಿ ನುಡಿಯಲು ಬಾಗಲಕೋಟೆಯಿಂದ ಬಂದು, ತಾವು ಆಡಿದ್ದೇ ಆ ಹಾಳೆಯಲ್ಲಿದೆಯೋ ಎಂದು ತಿಳಿಯದೆ ಹೆಬ್ಬೆರಳನ್ನು ಶಾಯಿಗೆ ಒಡ್ಡುವವರು ಅವರು. ಒತ್ತುವ ಮೊದಲು, ಇದರಾಗ ಏನು ಬರದದ ಓದಿ ಹೇಳ್ರಿ ಎಂದು ಕೇಳುವುದು ಅವರ ಹಕ್ಕು.